ಮಹಮೂದನ ಲಾಂಚಿಗೆ ಹೊಡೆದ ಕಬ್ಬಿಣ

ಕಸಬಾ ಬೆಂಗ್ರೆಯ ಕುಂಞಿಮೋನು ಬ್ಯಾರಿ ಒಂದೇ ಒಂದು ಮೊಳೆ ಹೊಡೆಯದೆ ಹಡಗು ಕಟ್ಟಿದವನು. ಮಂಗಳೂರಿನಿಂದ ಅಕ್ಕಿ ಹೊತ್ತು ಅಮೀನಿ ದ್ವೀಪಕ್ಕೆ ಹೋಗಿ, ಅಲ್ಲಿಂದ ತೆಂಗಿನ ನಾರು ಹೊತ್ತು ಬರುತ್ತಿದ್ದ ಓಡಗಳನ್ನು ಅವನು ಹಲಗೆಗೆ ಹಲಗೆ ಕೂಡಿಸಿ, ಅಂಚಿನುದ್ದಕ್ಕೂ ತೂತು ಕೊರೆದು, ನಾರಿನ ಹುರಿಯಿಂದ ಗೋಣಿಚೀಲದ ಬಾಯಿ ಹೊಲಿದ ಹಾಗೆ ಹೊಲಿಯುತ್ತಿದ್ದ. ಅವನ ಮಗ ಹಸನಬ್ಬ, ನಡುಗಡಲಲ್ಲಿ ಮಂಜಿ ಎಂಬ ಹಾಯಿಹಡಗಿನ ಅಡಿಹಲಗೆ ಬಾಯಿ ಬಿಟ್ಟಾಗ ತಲೆಯ ಮುಂಡಾಸು ಬಿಚ್ಚಿ ಹರಿದು, ಎಣ್ಣೆಯಲ್ಲಿ ಅದ್ದಿ, ಎರಡು ಹಗಲು ಸೊಂಟಮಟ್ಟದ ನೀರಿನಲ್ಲಿ ನಿಂತು ಸಂದಿಗೆ ತುರುಕಿ, ಹದಿನಾಲ್ಕು ಜನರನ್ನು ಜೀವಸಹಿತ ದಡ ಮುಟ್ಟಿಸಿದವನು. ಹಸನಬ್ಬನ ಮಗ ಇದ್ದಿನಬ್ಬ ಬಸ್ರಾದವರೆಗೂ ಹೋಗಿ ಬಂದಿದ್ದ. ಹಲಗೆಗೆ ಕಿವಿ ಆನಿಸಿ ಬೆರಳಲ್ಲಿ ತಟ್ಟಿದರೆ ಸಾಕು, ನೀರು ಒಸರುವುದು ಎಲ್ಲಿ ಎಂದು ಹೇಳಿಬಿಡುತ್ತಿದ್ದ.

ಈ ಮನೆತನಕ್ಕೆ ಒಂದು ಕಟ್ಟಳೆ ಇತ್ತು. ನೀರಿನ ಗೆರೆಯ ಕೆಳಗೆ ಕಬ್ಬಿಣ ಹಾಕಬಾರದು. ಸಮುದ್ರದ ಅಡಿಯಲ್ಲಿ ಸೂಜಿಗಲ್ಲಿನ ಒಂದು ಗುಡ್ಡವಿದೆ, ಕಬ್ಬಿಣ ಹೊತ್ತು ಬಂದ ಹಡಗನ್ನು ಅದು ದೂರದಿಂದಲೇ ಮೂಸಿ ಎಳೆದುಕೊಳ್ಳುತ್ತದೆ, ಹಲಗೆಯ ಮೊಳೆಗಳನ್ನು ಹಲ್ಲು ಕಿತ್ತ ಹಾಗೆ ಕಿತ್ತುಬಿಡುತ್ತದೆ ಎಂದು ಕುಂಞಿಮೋನು ಬ್ಯಾರಿ ಹೇಳಿಟ್ಟಿದ್ದ. ಮೊಳೆಯ ಕಾಲ ಬಂದ ಮೇಲೂ ಈ ಮನೆಯವರು ನೀರಿನ ಕೆಳಗೆ ತಾಮ್ರದ ಮೊಳೆಯನ್ನೇ ಹೊಡೆದರು. ದುಬಾರಿಯಾಯಿತೆಂದು ಸಾಹುಕಾರರು ಗೊಣಗಿದರೆ ಬೇರೆಯವರನ್ನು ನೋಡಿಕೊಳ್ಳಿ ಎಂದುಬಿಡುತ್ತಿದ್ದರು.

ಇದ್ದಿನಬ್ಬನ ಹಿರಿಮಗ ಪಕೀರಬ್ಬ. ಇಪ್ಪತ್ತನಾಲ್ಕರ ಪ್ರಾಯದಲ್ಲಿ ಉಳಿ, ಕೊಡತಿ ಕಟ್ಟಿಕೊಂಡು ಕತಾರಿಗೆ ಬಂದ. ಅಲ್ ವಕ್ರಾದ ಕಡಲ ದಂಡೆಯಲ್ಲಿ ಆಗ ಮರದ ಲಾಂಚುಗಳು ಮಗ್ಗುಲಾಗಿ ಮಲಗಿರುತ್ತಿದ್ದವು. ಎಣ್ಣೆಯಲ್ಲಿ ನೆನೆಸಿದ ಹತ್ತಿಯನ್ನು ಹಲಗೆಗಳ ಸಂದಿಗೆ ಉಳಿಯಿಟ್ಟು ಕೊಡತಿಯಿಂದ ಬಡಿದು ಕೂರಿಸುವುದು ಅವನ ಕೆಲಸ. ಅವನು ಬಡಿದ ಸಂದಿ ಮೂರು ವರ್ಷ ಒಂದು ತೊಟ್ಟು ನೀರು ಕುಡಿಯುವುದಿಲ್ಲ ಎಂದು ಅರಬರು ಮಾತಾಡಿಕೊಳ್ಳುತ್ತಿದ್ದರು. ಏಳು ವರ್ಷದ ಮೇಲೆ ತಮ್ಮ ಮಹಮೂದನನ್ನೂ ಕರೆಸಿಕೊಂಡ. ಮಹಮೂದ ಸಂದಿ ಬಡಿಯುವವನಲ್ಲ, ಲಾಂಚ್ ನಡೆಸುವವನು. ಅಣ್ಣನಿಗೆ ಮದುವೆ ಬೇಡವಾಗಿತ್ತು, ತಮ್ಮ ಮಾಡಿಕೊಂಡ. ಹೆಂಡತಿ ಸಾಲಿಹಾ, ಬೆಂಗ್ರೆಯವಳೇ. ತೊಂಬತ್ತನೇ ಇಸವಿಯ ಕೊನೆಯಲ್ಲಿ ಅವಳಿಗೆ ಗಂಡುಮಗು ಹುಟ್ಟಿತು. ಫವಾಝ್ ಎಂದು ಹೆಸರಿಟ್ಟರು. ಅಪ್ಪ ಮಗುವಿನ ಮುಖವನ್ನು ಫೋಟೋದಲ್ಲಿ ಮಾತ್ರ ಕಂಡ.

ಅದೇ ಚಳಿಗಾಲ ಮಹಮೂದನ ಲಾಂಚಿನ ಅಡಿಮರ ಹವಳದ ಬಂಡೆಗೆ ಉಜ್ಜಿ ಸಿಬಿರೆದ್ದಿತ್ತು. ಪಕೀರಬ್ಬ ಅದರ ಉದ್ದಕ್ಕೂ ಕಬ್ಬಿಣದ ಪಟ್ಟಿ ಹೊಡೆಯೋಣ ಎಂದ.

"ನೀರಿನ ಕೆಳಗೆ ಕಬ್ಬಿಣವಾ?" ಎಂದು ಮಹಮೂದ ನಕ್ಕ. "ಮುತ್ತಜ್ಜ ಕಬರಿನಿಂದ ಎದ್ದು ಬಂದು ನಿನ್ನ ಕಿವಿ ಹಿಂಡಿಯಾನು, ನೋಡು."

"ಒಳಗೆ ಒಂದು ಎಂಜಿನ್ ಕೂತಿದೆಯಲ್ಲ, ಅದೆಂತ ಹಲ್ವದಲ್ಲಿ ಮಾಡಿದ್ದಾ? ಸೂಜಿಗಲ್ಲಿನ ಗುಡ್ಡ ಇದ್ದಿದ್ದರೆ ನೀನು ಹೋದ ವರ್ಷವೇ ಅದಕ್ಕೆ ಅಂಟಿಕೊಂಡಿರಬೇಕಿತ್ತು."

"ಆದ್ರೂ ಅಣ್ಣಾ, ತಾಮ್ರದ್ದು ಹಾಕುವ. ಎರಡು ವಾರ ತಡವಾದ್ರೆ ಆಗ್ಲಿ."

"ಹೆದರುಪುಕ್ಕಲ! ಅಜ್ಜಂದಿರ ಕತೆ ಕೇಳಿ ಲಾಂಚ್ ನಡೆಸ್ತೀಯಾ? ನಾನು ಹೊಡೆದ ಪಟ್ಟಿ, ನಾನು ಜವಾಬು."

ಪಟ್ಟಿ ಹೊಡೆದ. ಮನೆತನದ ನಾಲ್ಕು ತಲೆಯಲ್ಲಿ ನೀರಿನ ಕೆಳಗೆ ಕಬ್ಬಿಣ ಹಾಕಿದವನು ಅವನೊಬ್ಬನೇ.

ಮರುವರ್ಷ ಕುವೈತಿನ ಯುದ್ಧ ನಡೆದು ಮುಗಿಯಿತು. ಯುದ್ಧದಲ್ಲಿ ನೀರಿಗೆ ಹಾಕಿದ್ದ ಮೈನ್ ಎಂಬ ಬಾಂಬುಗಳು ಮಾತ್ರ ಮುಗಿಯಲಿಲ್ಲ. ಕೆಲವು ಕಟ್ಟು ಕಡಿದುಕೊಂಡು ಅಲೆಯ ಮೇಲೆ ತೇಲಿ ತೆಂಕಣಕ್ಕೆ ಬರುತ್ತಿವೆ ಎಂದು ಸುದ್ದಿ ಇತ್ತು. ಮಾರ್ಚ್ ತಿಂಗಳ ಒಂದು ಬೆಳಿಗ್ಗೆ ಮೀನಿಗೆ ಹೋದ ಮಹಮೂದನ ಲಾಂಚ್ ವಾಪಸು ಬರಲಿಲ್ಲ. ಐವರಲ್ಲಿ ಬದುಕಿದವನು ಉಚ್ಚಿಲದ ದೇಜಪ್ಪ ಒಬ್ಬನೇ. ಆಸ್ಪತ್ರೆಯ ಮಂಚದ ಮೇಲೆ ಅವನು ಪಕೀರಬ್ಬನ ಕೈ ಹಿಡಿದುಕೊಂಡು ಹೇಳಿದ: "ಕರೀ ಮಡಕೆ ಕವುಚಿ ಹಾಕಿದ ಹಾಗೆ ತೇಲ್ತಾ ಇತ್ತು ಬ್ಯಾರಿಗಳೇ. ಮೇಲೆ ಗಿಡ್ಡ ಗಿಡ್ಡ ಕೊಂಬುಗಳು. ನಾನು ಮುಂದೆ ನಿಂತಿದ್ದೆ. ಬೊಬ್ಬೆ ಹೊಡೆಯುವಷ್ಟರಲ್ಲಿ ನಮ್ಮ ಮೂತಿ ಅದಕ್ಕೆ ತಾಗಿಯೇ ಹೋಯ್ತು."

ಮಹಮೂದನ ದೇಹ ಸಿಗಲಿಲ್ಲ. ದೇಹವಿಲ್ಲದೆಯೇ ನಮಾಜು ಮಾಡಿದರು.

ಮೂರು ತಿಂಗಳ ಮೇಲೆ ದೋಹಾದ ಬಂದರಿಗೆ, ಉಳಿದ ಮೈನ್‌ಗಳನ್ನು ತೆಗೆಯಲೆಂದು, ಜಪಾನಿನ ಒಂದು ಸಣ್ಣ ಬೂದುಬಣ್ಣದ ಹಡಗು ಬಂತು. ಬಂದರಿನ ಏಜೆಂಟ್ ಸಂದಿ ಬಡಿಯುವವನನ್ನು ಹುಡುಕಿಕೊಂಡು ಬಂದ. ಯುದ್ಧದ ಹಡಗಿಗೆ ಹತ್ತಿ ಬಡಿಯುವವನು ಯಾಕೆ ಎಂದು ಪಕೀರಬ್ಬನಿಗೆ ಆಶ್ಚರ್ಯ. ಮೇಲೇರಿ ನೋಡಿದರೆ ಹಡಗು ಪೂರ್ತಿ ಮರದ್ದು! ಜೂನ್ ಬಿಸಿಲಿಗೆ ಡೆಕ್ಕಿನ ಹಲಗೆಗಳು ಒಣಗಿ ಸಂದಿ ಬಿಟ್ಟಿದ್ದವು. ಹಡಗಿನದೇ ಬಡಗಿಯೊಬ್ಬನಿದ್ದ, ಕುರಿಹಾರಾ ಎಂದು ಹೆಸರು, ಕುಳ್ಳ, ಅಂಗೈ ಮಾತ್ರ ಮೊರದಗಲ. ಅವನು ಹತ್ತಿ ಬಳಸುವವನಲ್ಲ, ಯಾವುದೋ ಮರದ ತೊಗಟೆಯನ್ನು ಕೂದಲಿನಷ್ಟು ತೆಳ್ಳಗೆ ಸೀಳಿ ಹೊಸೆದ ನಾರು ಅವನದು. ಇಬ್ಬರೂ ಎದುರುಬದುರು ಮೊಣಕಾಲೂರಿ ಎರಡು ದಿನ ಬಡಿದರು. ಒಬ್ಬನ ಭಾಷೆ ಇನ್ನೊಬ್ಬನಿಗೆ ಬರದು. ಕೊಡತಿಯ ಸದ್ದಿನಲ್ಲೇ ಸಂದಿ ತುಂಬಿತೋ ಇಲ್ಲವೋ ಇಬ್ಬರಿಗೂ ಗೊತ್ತಾಗುತ್ತಿತ್ತು.

ಕುರಿಹಾರಾ ಮುರುಕು ಇಂಗ್ಲಿಷಿನಲ್ಲೂ ಕೈಸನ್ನೆಯಲ್ಲೂ ತನ್ನ ಹಡಗಿನ ಕತೆ ಹೇಳಿದ. ಅವರ ನೌಕೆಗಳು ಯುದ್ಧ ಮಾಡುವುದಿಲ್ಲವಂತೆ, ತಮ್ಮ ದೇಶವನ್ನು ಕಾಯುವುದಷ್ಟೇ ಕೆಲಸ, ಕಾನೂನೇ ಹಾಗಿದೆಯಂತೆ. ಜಪಾನಿನಿಂದ ಹೊರಡುವ ದಿನ ಬಂದರಿನಲ್ಲಿ ಕೆಲವರು ಅಳುತ್ತಿದ್ದರಂತೆ, ಕೆಲವರು ಹೋಗಬೇಡಿ ಎಂದು ಕೂಗುತ್ತಿದ್ದರಂತೆ. ಇಷ್ಟು ದೂರ ಬಂದು ಕಾಯುವುದು ಏನನ್ನು ಎಂದು ಪಕೀರಬ್ಬ ಸನ್ನೆಯಲ್ಲೇ ಕೇಳಿದ. ಕುರಿಹಾರಾ ನೀರಿನ ಕಡೆ ತೋರಿಸಿದ, ಎಣ್ಣೆ ಹಡಗು ಸಾಗುವ ಹಾಗೆ ಕೈ ಆಡಿಸಿದ, ಆಮೇಲೆ ಒಲೆ ಹೊತ್ತಿಸಿದ ಹಾಗೆ ಮಾಡಿ ಎದೆ ಮುಟ್ಟಿಕೊಂಡ. ಈ ದಾರಿ ಕಟ್ಟಿದರೆ ಅವನ ಮನೆಯ ಒಲೆ ಆರುತ್ತದೆ. ಪಕೀರಬ್ಬನಿಗೆ ಅದು ಥಟ್ಟನೆ ಅರ್ಥವಾಯಿತು. ದೂರದ ನೀರಿನ ಮೇಲೆ ನಿಂತು ಮನೆಯ ಒಲೆ ಕಾಯುವುದು ಗಲ್ಫಿಗೆ ಬಂದ ಬ್ಯಾರಿಗೆ ಯಾರೂ ಬಿಡಿಸಿ ಹೇಳಬೇಕಾದ ಸಂಗತಿಯಲ್ಲ.

"ಸರಿ, ಮರದ ಹಡಗು ಯಾಕೆ?" ಎಂದು ಹಲಗೆ ತಟ್ಟಿ ಕೇಳಿದ.

ಕುರಿಹಾರಾ ಜೇಬಿನಿಂದ ಒಂದು ಆಯಸ್ಕಾಂತ ತೆಗೆದ. ಮರದ ಚಕ್ಕೆಯ ಹತ್ತಿರ ಹಿಡಿದ, ಏನೂ ಆಗಲಿಲ್ಲ. ಕಬ್ಬಿಣದ ಮೊಳೆಯ ಹತ್ತಿರ ಹಿಡಿದ. ಮೊಳೆ ಟಕ್ಕೆಂದು ಹಾರಿ ಅಂಟಿಕೊಂಡಿತು. ಅವನು ಎರಡೂ ಕೈ ಅಗಲಿಸಿ, ಬಾಯಲ್ಲಿ ಬಾಂಬು ಸಿಡಿದ ಸದ್ದು ಮಾಡಿದ. "ಮೈನ್ ಲೈಕ್ ಐರನ್," ಎಂದ. "ವುಡ್, ಸೇಫ್."

ಪಕೀರಬ್ಬ ಅಂಟಿದ ಮೊಳೆಯನ್ನೇ ನೋಡಿದ. ಹಾಗಾದರೆ ಸೂಜಿಗಲ್ಲಿನ ಗುಡ್ಡ ಸುಳ್ಳಲ್ಲ. ಮುತ್ತಜ್ಜ ಹೇಳಿದ್ದು ಇದನ್ನೇ. ಕಡಲಿನಲ್ಲಿ ಕಬ್ಬಿಣವನ್ನು ಮೂಸುವುದೊಂದು ಇದೆ. ಅದು ಬಂದು ಮಹಮೂದನನ್ನು ಎಳೆದುಕೊಂಡಿತು. ಆ ಕಬ್ಬಿಣ ಹೊಡೆದ ಕೈ ಇದು.

ಕೈಯಲ್ಲಿದ್ದ ಸಂದಿಯನ್ನು ಅರ್ಧಕ್ಕೆ ಬಿಡಲಿಲ್ಲ, ಬಡಿದು ಮುಗಿಸಿದ. ಆಮೇಲೆ ಇದ್ದಿನಬ್ಬನ ಕಾಲದ ಕೊಡತಿಯನ್ನು ಕುರಿಹಾರಾನ ಮಡಿಲಿಗಿಟ್ಟ. ಉಡುಗೊರೆ ಎಂದು ತಿಳಿದು ಆ ಮನುಷ್ಯ ನಡು ಬಾಗಿಸಿ ವಂದಿಸಿ, ತನ್ನ ತೊಗಟೆ ನಾರಿನ ಒಂದು ಸುರುಳಿ ಕೊಟ್ಟ. ಅವತ್ತಿನಿಂದ ಪಕೀರಬ್ಬ ಹಡಗಿನ ಹಲಗೆ ಮುಟ್ಟಲಿಲ್ಲ.

ಕಡಲು ಕಣ್ಣಿಗೆ ಬೀಳದ ಜಾಗ ಬೇಕೆಂದು ಉಮ್ಮ್ ಸಲಾಲಿನ ಕಡೆ ಒಂದು ಗೋದಾಮಿನಲ್ಲಿ ಕೆಲಸ ಹಿಡಿದ. ಚಹಾ ಕಾಸುವುದು, ಬಾಗಿಲು ಕಾಯುವುದು. ಮೂವತ್ತಮೂರು ವರ್ಷ ಅದೇ ಕೆಲಸ. ಸಂಬಳ ಬಂದ ದಿನವೇ ಸಾಲಿಹಾಳ ಮನೆಗೆ ಹೋಗುತ್ತಿತ್ತು. ಫವಾಝ್ ಓದಿದ್ದು, ಕತಾರಿಗೆ ಬಂದದ್ದು, ಹಮದ್ ಬಂದರಿನಲ್ಲಿ ಹಡಗುಗಳಿಗೆ ಸಾಮಾನು ಒದಗಿಸುವ ಏಜೆಂಟರ ಆಫೀಸಿನಲ್ಲಿ ಕೆಲಸ ಹಿಡಿದದ್ದು ಎಲ್ಲವೂ ಅದರಿಂದ. ಊರಿಗೆ ಹೋದಾಗ ಮಾತ್ರ ಪಕೀರಬ್ಬ ತಮ್ಮನ ಮನೆಯ ಜಗಲಿ ದಾಟುತ್ತಿರಲಿಲ್ಲ. ಸಾಲಿಹಾ ಬಾಗಿಲ ಮರೆಯಿಂದ "ಊಟ ಮಾಡಿ ಹೋಗಿ" ಎಂದರೆ, ಒಂದು ಲೋಟ ನೀರು ಕುಡಿದು ಎದ್ದುಬಿಡುತ್ತಿದ್ದ. ಗಂಡನನ್ನು ತಿಂದವನು ಹೆಂಡತಿಯ ಕೈಯ ಅನ್ನ ಹೇಗೆ ತಿನ್ನುವುದು ಎಂಬುದು ಅವನ ಲೆಕ್ಕ. ಆ ಲೆಕ್ಕವನ್ನು ಅವನು ಯಾರಿಗೂ ಹೇಳಲಿಲ್ಲ. ಇನ್ನೊಂದು ವಿಷಯ ಅವನ ಕಣ್ಣಿಗೆ ಬಿದ್ದಿತ್ತು. ಆ ಮನೆಯಲ್ಲಿ ಫ್ಯಾನ್ ಇರಲಿಲ್ಲ. ಒಮ್ಮೆ ಇವನೇ ಕಳುಹಿಸಿದ್ದನ್ನು ಅವಳು ಮದರಸಕ್ಕೆ ಕೊಟ್ಟುಬಿಟ್ಟಿದ್ದಳು. ನನ್ನ ಗಾಳಿಯೂ ಅವಳಿಗೆ ಬೇಡ ಎಂದುಕೊಂಡಿದ್ದ.

ಈ ಚಳಿಗಾಲ ಗೋದಾಮಿನ ಯಜಮಾನ, ಮುದಿ ಅರಬ, ತೀರಿಕೊಂಡ. ಮಕ್ಕಳು ಬಂದು, "ಬಾಬಾ, ಖಲಾಸ್, ಇನ್ನು ಊರಿಗೆ ಹೋಗಿ ಆರಾಮ ಮಾಡು" ಎಂದು ಟಿಕೆಟ್ ಕೈಗಿಟ್ಟರು. ಹತ್ತು ದಿನ ಉಳಿದಿತ್ತು. ಬೆಂಗ್ರೆಯಲ್ಲಿ ಈಗ ಅವನಿಗೆ ಬೇರೆ ಮನೆಯಿಲ್ಲ, ಇರುವುದು ಸಾಲಿಹಾಳ ಮನೆ. ಅವಳಿಗೆ ಎರಡು ವರ್ಷದ ಹಿಂದೆ ಲಕ್ವಾ ಹೊಡೆದು ಬಲಮಗ್ಗುಲು ಬಿದ್ದುಹೋಗಿತ್ತು, ಮಾತು ಅಂಬಲಿಯ ಹಾಗೆ ಕಲಸಿಹೋಗಿತ್ತು. ಅದು ತಿಳಿಯುತ್ತಿದ್ದುದು ಮಗ ಫವಾಝ್‌ಗೂ ಸೊಸೆ ಅಸೀಫಾಳಿಗೂ ಮಾತ್ರ. ಆ ಬಾಗಿಲು ದಾಟುವುದು ಹೇಗೆ ಎಂಬ ಒಂದೇ ಚಿಂತೆಯಲ್ಲಿ ಪಕೀರಬ್ಬ ಪೆಟ್ಟಿಗೆಗೆ ಬಟ್ಟೆ ತುಂಬುತ್ತಿದ್ದ, ತೆಗೆಯುತ್ತಿದ್ದ.

ಆಗ ಫವಾಝ್ ದೊಡ್ಡಪ್ಪನನ್ನು ನೋಡಲು ಬಂದ. "ಮೂತಪ್ಪಾ, ನಾಳೆ ಹಮದ್ ಬಂದರಿಗೆ ಜಪಾನಿನ ಹಡಗು ಬರ್ತದೆ, ನಮ್ಮ ಆಫೀಸಿನದೇ ಕೆಲಸ. ಮೈನ್ ತೆಗೆಯುವ ಹಡಗು. ನಿಮಗೆ ಪಾಸ್ ಮಾಡ್ಸಿದ್ದೇನೆ. ಹೋಗುವ ಮೊದಲು ಒಮ್ಮೆ ಹಡಗು ಹತ್ತಿ ಇಳಿಯಿರಿ ಮಾರಾಯ್ರೆ, ಇಲ್ಲದಿದ್ದರೆ ನಮ್ಮ ಅಜ್ಜಂದಿರು ನನ್ನನ್ನು ಬಿಡ್ಲಿಕ್ಕಿಲ್ಲ."

ಅಪ್ಪನನ್ನು ಕೊಂದದ್ದು ಮೈನ್ ಎಂದು ಫವಾಝ್‌ಗೆ ಗೊತ್ತಿತ್ತು. ಪಟ್ಟಿಯ ವಿಷಯ ಗೊತ್ತಿರಲಿಲ್ಲ. ಬೇಡ ಎನ್ನಲು ಪಕೀರಬ್ಬ ಬಾಯಿ ತೆರೆದ, ಬಾಯಿಂದ ಬಂದದ್ದು "ಎಷ್ಟು ಗಂಟೆಗೆ?" ಎಂಬ ಮಾತು. ಡಬ್ಬಿಯಲ್ಲಿದ್ದ ತೊಗಟೆ ನಾರಿನ ಸುರುಳಿ ಜೇಬಿಗಿಳಿಯಿತು.

ಹಡಗು ಸಣ್ಣದೇ, ಬೂದುಬಣ್ಣವೇ. ಏಣಿ ಹತ್ತಿದವನು ಮೊದಲು ಗೋಡೆಯ ಮೇಲೆ ಬೆರಳಿನ ಗಿಣ್ಣು ತಟ್ಟಿದ. ಇದ್ದಿನಬ್ಬನ ಮಗನ ಕಿವಿ. ಸದ್ದು ಮರದ್ದಲ್ಲ, ಕಬ್ಬಿಣದ್ದೂ ಅಲ್ಲ. ತೋರಿಸಲು ಬಂದಿದ್ದ ಅಧಿಕಾರಿ ಮೂವತ್ತರ ಹೆಣ್ಣುಮಗಳು, ಬಿಳಿ ಟೋಪಿ. ಅವಳ ಇಂಗ್ಲಿಷನ್ನು ಫವಾಝ್ ಕನ್ನಡಕ್ಕೆ ತಿರುಗಿಸುತ್ತಿದ್ದ.

"ಇದು ಗಾಜಿನ ಎಳೆಯಿಂದ ಮಾಡಿದ ಪ್ಲಾಸ್ಟಿಕ್ ಅಂತೆ ಮೂತಪ್ಪಾ. ಮರದ್ದು ಇನ್ನು ಬೆರಳೆಣಿಕೆ ಉಂಟಂತೆ, ಹೊಸದು ಕಟ್ಟುವುದಿಲ್ಲವಂತೆ."

ಪಕೀರಬ್ಬ ಸುರುಳಿ ತೆಗೆದು ಅವಳ ಕೈಗಿಟ್ಟ. ಅವಳು ತಿರುಗಿಸಿ ನೋಡಿದಳು, ಮೂಸಿದಳು, ನಾಚಿಕೊಂಡು ಏನೋ ಕೇಳಿದಳು.

"ಪಾತ್ರೆ ತಿಕ್ಕುವುದಾ ಅಂತ ಕೇಳ್ತಾಳೆ," ಎಂದ ಫವಾಝ್.

ಪಕೀರಬ್ಬ ನಗಲು ಹೋದ, ಆಗಲಿಲ್ಲ. ಸುರುಳಿಯನ್ನು ವಾಪಸು ಜೇಬಿಗಿಟ್ಟುಕೊಂಡ.

ಅವಳು ಮುತುವರ್ಜಿಯಿಂದಲೇ ತೋರಿಸಿದಳು. ಹಿಂದಿನ ಮಹಾಯುದ್ಧ ಮುಗಿದ ಮೇಲೆ ಅವರದೇ ಬಂದರುಗಳ ಬಾಯಿ ತುಂಬ ಮೈನ್‌ಗಳಿದ್ದವು, ಅವನ್ನು ವರ್ಷಗಟ್ಟಲೆ ಗುಡಿಸಿದವರಿಂದಲೇ ತಮ್ಮ ಪಡೆ ಬೆಳೆದದ್ದು ಎಂದಳು. ಜಪಾನ್ ನಾಲ್ಕೂ ಸುತ್ತ ನೀರಿರುವ ನಾಡು, ಅಕ್ಕಿಯೊಂದು ಬಿಟ್ಟರೆ ಬಹುಪಾಲು ಎಲ್ಲವೂ ಹಡಗಿನಲ್ಲೇ ಬರಬೇಕು, ಕತಾರಿನ ಅನಿಲವೂ ಬರುತ್ತದೆ, ಆದ್ದರಿಂದ ದೇಶ ಕಾಯುವುದೆಂದರೆ ದಾರಿ ಕಾಯುವುದು ಎಂದಳು. ಪಕೀರಬ್ಬ ಇಷ್ಟನ್ನು ತೊಂಬತ್ತೊಂದರಲ್ಲೇ ಕೈಸನ್ನೆಯಲ್ಲಿ ಕೇಳಿದ್ದ. ಅವನ ಪ್ರಶ್ನೆ ಬೇರೆಯೇ ಇತ್ತು. ಅದನ್ನು ಕೇಳಬೇಕಾದರೆ ಫವಾಝ್‌ನ ಬಾಯಿಂದಲೇ ಕೇಳಬೇಕು.

"ಕೇಳು ಮಗಾ," ಎಂದ ಕೊನೆಗೆ. "ಒಂದು ಮರದ ಲಾಂಚ್. ಅಡಿಮರಕ್ಕೆ ಕಬ್ಬಿಣದ ಪಟ್ಟಿ ಹೊಡೆದದ್ದು, ನಾಲ್ಕು ಬೆರಳು ಅಗಲ. ಆ ಕಬ್ಬಿಣಕ್ಕೆ ಮೈನ್ ಬರ್ತದಾ ಅಂತ ಕೇಳು."

ಫವಾಝ್ ಕೇಳಿದ. ಅವಳು ತಿರುಗಿ ಪ್ರಶ್ನೆ ಹಾಕಿದಳು. "ಮೈನ್ ಅಡಿಯಲ್ಲಿ ಇತ್ತಾ, ತೇಲ್ತಾ ಇತ್ತಾ ಅಂತ ಕೇಳ್ತಾಳೆ."

"ತೇಲ್ತಾ ಇತ್ತು. ಮಡಕೆ ಕವುಚಿದ ಹಾಗೆ. ಮೇಲೆ ಗಿಡ್ಡ ಕೊಂಬುಗಳು."

ಅವಳು ತಲೆಯಾಡಿಸಿ, ನಿಧಾನವಾಗಿ, ಮಕ್ಕಳಿಗೆ ಹೇಳುವ ಹಾಗೆ ಹೇಳಿದಳು. ಫವಾಝ್ ಒಂದೊಂದೇ ಮಾತನ್ನು ತಿರುಗಿಸಿದ. "ಕಬ್ಬಿಣ ತಿಳಿಯುವ ಮೈನ್ ಬೇರೆಯಂತೆ. ಅದು ಅಡಿಯಲ್ಲಿ ಮಲಗಿರ್ತದಂತೆ. ಅದು ಕೂಡ ಎದ್ದು ಬರುವುದಿಲ್ಲ, ಮೇಲೆ ಹಡಗು ಹೋದರೆ ಇದ್ದಲ್ಲೇ ಸಿಡಿಯುವುದಂತೆ. ಕೊಂಬಿನದ್ದು ತಾಗಿದರೆ ಸಿಡಿಯುವಂಥದ್ದು. ಅದಕ್ಕೆ ಕಬ್ಬಿಣ, ಮರ, ಮೀನು ಯಾವುದೂ ಗೊತ್ತಿಲ್ಲವಂತೆ. ಮರದ ಹಡಗು ತಾಗಿದ್ರೂ ಒಂದೇ, ನಾವು ನಿಂತ ಈ ಹಡಗು ತಾಗಿದ್ರೂ ಒಂದೇ. ಪಟ್ಟಿ ಇದ್ರೂ ಅಷ್ಟೇ, ಇಲ್ಲದಿದ್ರೂ ಅಷ್ಟೇ ಅಂತಾಳೆ."

ಪಕೀರಬ್ಬ ಕಂಬಿ ಹಿಡಿದುಕೊಂಡ.

"ಮೂತಪ್ಪಾ," ಎಂದ ಫವಾಝ್, ದನಿ ಬದಲಾಗಿತ್ತು. "ಯಾರ ಲಾಂಚ್ ಅದು?"

ಇಳಿದು ಬಂದು ಕಟ್ಟೆಯ ಮೇಲೆ ಕೂತರು. ಆಚೆ ಕ್ರೇನುಗಳು ಪೆಟ್ಟಿಗೆ ಎತ್ತಿ ಇಳಿಸುತ್ತಿದ್ದವು. ಪಕೀರಬ್ಬ ಎಲ್ಲವನ್ನೂ ಹೇಳಿದ. ಪಟ್ಟಿ, ತಾಮ್ರದ್ದು ಹಾಕುವ ಎಂದ ತಮ್ಮನ ಮಾತು, "ಹೆದರುಪುಕ್ಕಲ" ಎಂದ ತನ್ನ ಮಾತು, ಕುರಿಹಾರಾನ ಆಯಸ್ಕಾಂತ, ಜಗಲಿಯ ಲೋಟ ನೀರು. ದೇಜಪ್ಪ ಆವತ್ತೇ ಹೇಳಿದ್ದ, ಕೊಂಬು ಇತ್ತು, ತಾಗಿತು ಎಂದು. ಮಾತು ಕಿವಿಯಲ್ಲೇ ಇತ್ತು. ಅದನ್ನು ಬಲ್ಲವರೊಬ್ಬರ ಹತ್ತಿರ ಕೇಳಿ ನೋಡಬೇಕೆಂದು ಮೂವತ್ತಮೂರು ವರ್ಷ ಹೊಳೆಯಲಿಲ್ಲ. ಹೊಳೆದಿದ್ದರೂ ಕೇಳುತ್ತಿದ್ದನೋ ಇಲ್ಲವೋ. ಹಾಗೆ ಹೊತ್ತುಕೊಂಡಿರುವುದೇ ತಮ್ಮನ ಜೊತೆ ಇದ್ದ ಹಾಗೆ ಆಗಿಬಿಟ್ಟಿತ್ತು.

ಫವಾಝ್ ಅವನ ಕಡೆ ತಿರುಗಿ ಕೂತ. ಆಮೇಲೆ ಹೇಳಿದ: "ಉಮ್ಮ ಏನು ಅಂದುಕೊಂಡಿದ್ದಾರೆ ಗೊತ್ತುಂಟಾ ನಿಮಗೆ? ನೀವು ಅವರನ್ನು ದೂರ್ತಾ ಇದ್ದೀರಿ ಅಂತ."

"ಸಾಲಿಹಾಳನ್ನಾ? ಅವಳನ್ನು ಯಾಕೆ?"

"ನಾನು ಹುಟ್ಟಿ, ಸೆಕೆ ಶುರುವಾಗುವಾಗ ಉಮ್ಮ ಬಾಪನಿಗೆ ಕಾಗದ ಬರೆದಿದ್ರಂತೆ, ಮಗು ಸೆಕೆಗೆ ಮಲಗುವುದಿಲ್ಲ, ಒಂದು ಫ್ಯಾನ್ ಬೇಕು ಅಂತ. ಲಾಂಚ್ ಸಿಡಿದ ದಿನ ಕಡಲಿಗೆ ಹೋಗುವ ಸರದಿ ಬಾಪನದ್ದಲ್ಲ. ಫ್ಯಾನಿಗಾಗಿ ಇನ್ನೊಬ್ಬನ ಸರದಿ ತಗೊಂಡು ಹೋದ್ರು. ನೀವು ಊಟ ಮಾಡದೆ ಎದ್ದು ಹೋಗುವಾಗೆಲ್ಲ ಉಮ್ಮ ಒಳಗೆ ಅಳ್ತಿದ್ರು. 'ಅವರಿಗೆ ಕಾಗದದ ವಿಷಯ ಗೊತ್ತಾಗಿದೆ' ಅಂತ. ನನ್ನ ಮದುವೆಯ ದಿನ ನನಗೆ ಹೇಳಿದ್ದು."

ಪಕೀರಬ್ಬನಿಗೆ ಕಾಗದದ ಸುದ್ದಿಯೇ ಗೊತ್ತಿರಲಿಲ್ಲ. ಬಾಗಿಲ ಆಚೆ ಒಬ್ಬಳು, ಈಚೆ ಒಬ್ಬ. ಇಬ್ಬರೂ ಒಂದೇ ಸಾವನ್ನು ತನ್ನದು ತನ್ನದು ಎಂದು ಎಳೆದುಕೊಂಡು ಕೂತಿದ್ದರು. ಒಂದು ಹಿಡಿ ಅನ್ನ ಉಂಡಿದ್ದರೆ ಅವಳ ಭಾರ ಇಳಿಯುತ್ತಿತ್ತು. ಈಗ ಉಣ್ಣಲು ಹೋದರೆ ಬಡಿಸುವ ಕೈ ಬಿದ್ದುಹೋಗಿದೆ. ಅವನು ಅಂಗೈಗಳನ್ನು ತಿರುಗಿಸಿ ನೋಡಿಕೊಂಡ. ಗೋದಾಮಿನ ಕೆಲಸದಲ್ಲಿ ಮೆತ್ತಗಾಗಿದ್ದವು. ಕುಂಞಿಮೋನು ಬ್ಯಾರಿಯ ಕಸುಬನ್ನು ಯಾರಿಗೂ ಕಲಿಸದೆ ಕೊಂದ ಕೈಗಳು ಇವು, ತಾವು ಕೊಲ್ಲದ ತಮ್ಮನಿಗಾಗಿ.

ಫವಾಝ್ ಕಣ್ಣೊರೆಸಿಕೊಂಡು ಫೋನ್ ತೆಗೆದ. "ಈಗಲೇ ಉಮ್ಮನಿಗೆ ವಿಡಿಯೋ ಮಾಡ್ತೇನೆ. ನಾನೇ ಹೇಳ್ತೇನೆ, ನಿಮಗೆ ಕಷ್ಟವಾಗುವುದು ಬೇಡ. ಇಲ್ಲದಿದ್ರೆ ರಜೆ ಹಾಕಿ ನಿಮ್ಮ ಜೊತೆ ಬರ್ತೇನೆ. ಉಮ್ಮ ಏನು ಹೇಳ್ತಾರೆ ಅಂತ ನಿಮಗೆ ತಿಳಿಯುವುದಿಲ್ಲ ಮೂತಪ್ಪಾ, ನಾನು ತಿರುಗಿಸಿ ಹೇಳ್ತೇನೆ. ಏಳಿ, ಕೈ ಕೊಡಿ."

ಪಕೀರಬ್ಬ ಚಾಚಿದ ಕೈಯನ್ನು ಮೆಲ್ಲಗೆ ಪಕ್ಕಕ್ಕೆ ಸರಿಸಿದ. ಮೊಣಕಾಲಿಗೆ ಕೈಯೂರಿ ತಾನೇ ಎದ್ದು ನಿಂತ.

"ಬೇಡ ಮಗಾ, ಫೋನ್ ಒಳಗೆ ಇಡು. ಇವತ್ತು ನೀನು ನನಗೆ ಬಾಯಿ ಆದದ್ದು ಸಾಕು. ಅಲ್ಲಿಗೆ ನೀನೂ ಬರ್ಬೇಡ, ಅಸೀಫಾ ಪಕ್ಕದಲ್ಲಿ ನಿಂತು ಹೇಳಿಕೊಡುವುದೂ ಬೇಡ. ಅವಳಿಗೆ ಮಾತು ಇದ್ದಾಗ ನಾನು ನೀರು ಕುಡಿದು ಎದ್ದು ಬಂದವ. ಇನ್ನು ಬಾಗಿಲ ಈಚೆ ಕೂತು ನಾನೇ ಹೇಳ್ತೇನೆ, ಅವಳು ಬೈಯಲಿ. ಬೈದದ್ದು ತಿಳಿಯದಿದ್ರೆ ಇನ್ನೊಮ್ಮೆ ಕೇಳ್ತೇನೆ. ಆಗಲೂ ತಿಳಿಯದಿದ್ರೆ ಅಲ್ಲೇ ಕೂತಿರ್ತೇನೆ. ಕೈ ಹಿಡೀಬೇಡ, ನಡೀತೇನೆ."